ಮೇಷ್ಟ್ರನ್ನು ಕೇಳಿ: ಗೌರೀಶಂಕರ, ಎವರೆಸ್ಟ್ ಮತ್ತು ಹೆಸರಿಲ್ಲದ ಒಂದು ಗುಡ್ಡ

ಕಳೆದ ಸಂಚಿಕೆಯಲ್ಲಿ ಹಿಮಾಲಯದ ಧವಳಗಿರಿಯ ಬಗ್ಗೆ ನಾಲ್ಕೇ ನಾಲ್ಕು ಸಾಲು ಬರೆದಿದ್ದೆ. ಈ ತಿಂಗಳು ಅಂಚೆಯಣ್ಣ ತಂದ ಕಾಗದಗಳಲ್ಲಿ ಮುಕ್ಕಾಲು ಪಾಲು ಬೆಟ್ಟಗಳದ್ದೇ. ಮಳೆ ಯಾಕೆ ಬರಲಿಲ್ಲ, ವಾಣಿವಿಲಾಸ ಸಾಗರಕ್ಕೆ ಎಷ್ಟು ನೀರು ಬಂತು ಎಂದು ಕೇಳಿದವರು ದಯವಿಟ್ಟು ಮುಂದಿನ ತಿಂಗಳವರೆಗೆ ಕಾಯಬೇಕು. ಈ ಸಲ ಬೆಟ್ಟ ಹತ್ತಿ ಇಳಿಯೋಣ.

ಪ್ರಶ್ನೆ: ಮೇಷ್ಟ್ರೇ, ಪ್ರಪಂಚದಲ್ಲೇ ಎತ್ತರದ ಶಿಖರ ಗೌರೀಶಂಕರ ಅಂತ ನಮ್ಮಜ್ಜ ಹೇಳ್ತಾರೆ. ಎವರೆಸ್ಟ್ ಅಲ್ವಾ ಅಂದ್ರೆ, "ಅದು ಇಂಗ್ಲಿಷಿನೋರು ಇಟ್ಟ ಹೆಸರು, ಅಸಲಿ ಹೆಸರು ಗೌರೀಶಂಕರ" ಅಂತಾರೆ. ಮಂಡಕ್ಕಿ ಮೆಣಸಿನಕಾಯಿ ಪಂದ್ಯ ಕಟ್ಟಿದ್ದೀವಿ. ಗೆದ್ದೋರು ಯಾರು? ಆ ಎವರೆಸ್ಟ್ ಸಾಹೇಬ ಬೆಟ್ಟ ಹತ್ತಿದ್ನಾ?
(ದ್ವಿತೀಯ ಪಿಯು ವಿದ್ಯಾರ್ಥಿನಿ, ದಾವಣಗೆರೆ)

ಉತ್ತರ: ಗೆದ್ದವಳು ನೀನೇ ಮಗಳೇ. ಆದರೆ ಮಂಡಕ್ಕಿ ದುಡ್ಡನ್ನು ಅಜ್ಜನಿಂದ ವಸೂಲಿ ಮಾಡಬೇಡ. ಅವರು ತಪ್ಪಿದ್ದು ನಿಜ, ಆದರೆ ದೊಡ್ಡ ದೊಡ್ಡ ಪಂಡಿತರು ಜಾರಿದ ಕಡೆಯೇ ಅವರೂ ಜಾರಿದ್ದಾರೆ.

ಗೌರೀಶಂಕರ ಎಂಬ ಶಿಖರ ಇದ್ದೇ ಇದೆ. ಅದೂ ನೇಪಾಳ–ಟಿಬೆಟ್ ಗಡಿಯದ್ದೇ. ಎವರೆಸ್ಟಿನಿಂದ ಪಶ್ಚಿಮಕ್ಕೆ 50 ಕಿ.ಮೀ.ಗೂ ದೂರ, ಎತ್ತರ 7,134 ಮೀಟರ್. ಅದಕ್ಕೆ ಎರಡು ತುದಿ. ಉತ್ತರದ್ದು ಶಂಕರ, ದಕ್ಷಿಣದ್ದು ಗೌರಿ. 1850ರ ದಶಕದಲ್ಲಿ ಹರ್ಮನ್ ಶ್ಲಾಗಿನ್‌ಟ್ವೈಟ್ ಎಂಬ ಜರ್ಮನ್ ಪ್ರವಾಸಿ ಹಿಮಾಲಯದ ಸಾಲನ್ನು ದೂರದಿಂದ ನೋಡಿ, ಇಂಗ್ಲಿಷರು ಅಳೆದ ಅತ್ಯುನ್ನತ ಶಿಖರಕ್ಕೆ ಅಲ್ಲಿನವರು ಗೌರೀಶಂಕರ ಅನ್ನುತ್ತಾರೆ ಎಂದು ಬರೆದುಬಿಟ್ಟ. ಯುರೋಪಿನಲ್ಲಿ ಬಹಳ ಜನ ಅದನ್ನೇ ನಂಬಿದರು. ಕೊನೆಗೆ 1903ರಲ್ಲಿ ಹೆನ್ರಿ ವುಡ್ ಎಂಬ ಸರ್ವೇ ಅಧಿಕಾರಿ ನೇಪಾಳದೊಳಗೇ ಹೋಗಿ ನಿಂತು ಅಳೆದು, ಇದೇ ಬೇರೆ ಅದೇ ಬೇರೆ ಎಂದು ತೋರಿಸಿದ. ಅಷ್ಟು ಹೊತ್ತಿಗೆ ಅರ್ಧ ಶತಮಾನ ಕಳೆದಿತ್ತು. ನಕ್ಷೆಯಲ್ಲಿ ತಿದ್ದಿದರೂ ನಾಲಿಗೆಯ ಮೇಲಿಂದ ಹೋಗಬೇಕಲ್ಲ! ನಮ್ಮ ತಂದೆಯವರೂ ಗೌರೀಶಂಕರ ಅನ್ನುತ್ತಿದ್ದರು. ಸನ್ಮಾನ ಸಮಾರಂಭಗಳಲ್ಲಿ "ಸಾಧನೆಯ ಗೌರೀಶಂಕರ ಏರಿದವರು" ಅನ್ನುವ ಮಾತು ಈಗಲೂ ಕಿವಿಗೆ ಬೀಳುತ್ತದೆ. ಹಾಗೆ ಹೊಗಳಿಸಿಕೊಂಡವರಿಗೆ 1,700 ಮೀಟರ್ ಕಡಿಮೆ ಕೊಟ್ಟಂತಾಯಿತು.

ಇನ್ನು ಎವರೆಸ್ಟ್ ಸಾಹೇಬರು. ಹತ್ತುವುದಿರಲಿ, ಆ ಶಿಖರ ಅಳೆಯುವ ಕೆಲಸಕ್ಕೂ ಅವರಿಗೂ ಸಂಬಂಧವೇ ಇರಲಿಲ್ಲ. ಜಾರ್ಜ್ ಎವರೆಸ್ಟ್ 1830ರಿಂದ 1843ರವರೆಗೆ ಭಾರತದ ಸರ್ವೇಯರ್ ಜನರಲ್. ನಿವೃತ್ತರಾಗಿ ಇಂಗ್ಲೆಂಡಿಗೆ ಹೊರಟುಹೋದರು. ಅವರ ಜಾಗಕ್ಕೆ ಬಂದವರು ಆಂಡ್ರೂ ವಾ. ಇವರ ಕಾಲದಲ್ಲಿ, 1847ರಿಂದೀಚೆಗೆ, ಬಯಲಿನಿಂದ ಹಿಮಾಲಯದ ಶಿಖರಗಳನ್ನು ಒಂದೊಂದಾಗಿ ಗುರಿಯಿಟ್ಟು ಅಳೆಯುವ ಕೆಲಸ ನಡೆಯಿತು. ಹೆಸರು ಗೊತ್ತಿಲ್ಲದ್ದಕ್ಕೆಲ್ಲ ರೋಮನ್ ಅಂಕಿ. ನಾವು ಹಾಜರಿ ಪುಸ್ತಕದಲ್ಲಿ ಹುಡುಗರಿಗೆ ನಂಬರ್ ಕೊಡುವುದಿಲ್ಲವೇ, ಹಾಗೆ. ನಮ್ಮ ಕಥಾನಾಯಕನ ನಂಬರು ಹದಿನೈದು.

ಲೆಕ್ಕ ಮುಗಿದಾಗ ಹದಿನೈದನೇ ನಂಬರಿನ ಹುಡುಗನೇ ಎಲ್ಲರಿಗಿಂತ ಉದ್ದ ಎಂದು ತಿಳಿಯಿತು: 29,002 ಅಡಿ. ಅಲ್ಲಿಯವರೆಗೆ ಆ ಪಟ್ಟ ಕಾಂಚನಜುಂಗಾದ್ದು. 1856ರ ಮಾರ್ಚಿನಲ್ಲಿ ವಾ ಒಂದು ಕಾಗದ ಬರೆದು, ಇದಕ್ಕೆ ಸ್ಥಳೀಯ ಹೆಸರು ಯಾವುದೂ ನಮಗೆ ಸಿಕ್ಕಿಲ್ಲ, ಆದ್ದರಿಂದ ನನ್ನ ಹಿಂದಿನ ಅಧಿಕಾರಿಯ ಹೆಸರಿಡುತ್ತೇನೆ ಅಂದರು. ತಮಾಷೆ ಏನೆಂದರೆ, ಇದಕ್ಕೆ ಆಕ್ಷೇಪ ಎತ್ತಿದವರಲ್ಲಿ ಎವರೆಸ್ಟರೂ ಒಬ್ಬರು. ಬೆಟ್ಟಗಳಿಗೆ ಆಯಾ ಊರಿನವರ ಹೆಸರನ್ನೇ ಉಳಿಸಬೇಕು ಅನ್ನುವ ಪದ್ಧತಿಯಲ್ಲಿ ಕೆಲಸ ಮಾಡಿದ್ದ ಮನುಷ್ಯ. ನನ್ನ ಹೆಸರನ್ನು ಹಿಂದಿಯಲ್ಲಿ ಬರೆಯಲಾಗದು, ಭಾರತದ ಜನಕ್ಕೆ ಉಚ್ಚರಿಸಲಾಗದು ಎಂದು ಹೇಳಿದರು. 1865ರಲ್ಲಿ ಲಂಡನ್ನಿನ ರಾಯಲ್ ಜಿಯಾಗ್ರಾಫಿಕಲ್ ಸೊಸೈಟಿ ಆ ಹೆಸರನ್ನೇ ಗಟ್ಟಿಮಾಡಿತು. ಮರುವರ್ಷ ಅವರು ತೀರಿಕೊಂಡರು.

ಅವರ ಮಾತು ಒಂದರ್ಥದಲ್ಲಿ ನಿಜವೇ ಆಯಿತು. ಅವರ ಮನೆತನದವರು ತಮ್ಮ ಹೆಸರನ್ನು "ಈವ್‌ರಿಸ್ಟ್" ಅನ್ನುತ್ತಿದ್ದರು. ನಾವು ಮಾತ್ರವಲ್ಲ, ಇಂಗ್ಲಿಷರು ಸೇರಿ ಇಡೀ ಜಗತ್ತು ತಪ್ಪಾಗಿ ಕರೆಯುತ್ತಿದೆ.

ಪ್ರಶ್ನೆ: "ಸ್ಥಳೀಯ ಹೆಸರು ಸಿಗಲಿಲ್ಲ" ಎಂಬುದು ಶುದ್ಧ ಸುಳ್ಳು. ಸಾವಿರಾರು ವರ್ಷ ಅಲ್ಲಿ ಬದುಕಿದ ಜನ ಅಷ್ಟು ದೊಡ್ಡ ಶಿಖರಕ್ಕೆ ಹೆಸರಿಡದೆ ಇರುತ್ತಾರೆಯೇ? ಅದರ ಎತ್ತರ ಕಂಡುಹಿಡಿದ ರಾಧಾನಾಥ ಸಿಕ್ದಾರರ ಹೆಸರನ್ನಾದರೂ ಇಡಬಹುದಿತ್ತು. ನೀವೇನನ್ನುತ್ತೀರಿ?
(ವಕೀಲರೊಬ್ಬರು, ಚಿತ್ರದುರ್ಗ)

ಉತ್ತರ: ವಕೀಲರೇ, ತೀರ್ಪಿಗೆ ಮೊದಲು ಒಂದು ಸಾಕ್ಷಿ ಹೇಳಿಕೆ ಕೇಳಿ.

ನನಗೆ ಕೆಲಸ ಸಿಕ್ಕ ಹೊಸತು. ಹಿರಿಯೂರು ಕಡೆಯ ಒಂದು ಹಳ್ಳಿ ಹೈಸ್ಕೂಲು. ಸರ್ವೇ ಇಲಾಖೆಯ ನಕ್ಷೆಯೊಂದನ್ನು ಎಲ್ಲಿಂದಲೋ ಸಂಪಾದಿಸಿ, ಒಂಬತ್ತನೇ ಕ್ಲಾಸಿನ ಹುಡುಗರನ್ನು ಕಟ್ಟಿಕೊಂಡು ಶಾಲೆಯ ಹಿಂದಿನ ಗುಡ್ಡಕ್ಕೆ ಹೊರಟೆ. ನಕ್ಷೆಯಲ್ಲಿ ಆ ಗುಡ್ಡದ ನೆತ್ತಿಯ ಮೇಲೆ ಒಂದು ಪುಟ್ಟ ತ್ರಿಕೋನ, ಪಕ್ಕದಲ್ಲಿ ಎತ್ತರದ ಅಂಕಿ. ಹೆಸರಿಲ್ಲ. ನನಗೆ ಹುರುಪು. ಹೆಸರನ್ನು ಹುಡುಕಿ ಬರೆದುಕೊಂಡೇ ಬರಬೇಕು ಅಂತ. ಅರ್ಧ ಗುಡ್ಡದಲ್ಲಿ ಕಂಬಳಿ ಹೊದ್ದ ಕುರಿಗಾಹಿ ಅಜ್ಜ ಸಿಕ್ಕ.

"ಅಜ್ಜಾ, ಇದರ ಹೆಸರೇನು?"

"ಯಾವುದ್ರದ್ದು ಸಾ?"

"ಈ ಗುಡ್ಡದ್ದು."

"ಗುಡ್ಡದ್ದಾ? ಗುಡ್ಡ ಅಂತೀವಿ."

ಹುಡುಗರು ಕಿಸಕ್ಕೆಂದರು. ನಾನು ಬಿಡಲಿಲ್ಲ. ಆಗ ಅಜ್ಜ ಕೋಲೆತ್ತಿ ತೋರಿಸುತ್ತಾ ಹೋದ. ಆ ಬಂಡೆ ಹದ್ದಿನಕಲ್ಲು. ಈ ಇಳಿಜಾರು ತಂಗಡಿಕಟ್ಟು. ಅಗೋ ಅಲ್ಲಿ ಬಂಡೆ ಸಂದಿಯಲ್ಲಿ ಬೇಸಿಗೆಯಲ್ಲೂ ನೀರು ನಿಲ್ಲುತ್ತಲ್ಲ, ಅದು ಎಮ್ಮೆದೊಣೆ. ಅದರಾಚೆ ಬಸುರಿ ಬಂಡೆ. ಒಂದು ಹತ್ತು ಹೆಸರಾದರೂ ಬರೆದುಕೊಂಡೆ. ಆಮೇಲೆ ಕೇಳಿದೆ, "ಎಲ್ಲಕ್ಕಿಂತ ಮೇಲಿರೋ ಆ ತುದಿಗೆ ಏನಂತೀರಿ?"

ಅಜ್ಜ ನನ್ನನ್ನೇ ಮೇಲಿಂದ ಕೆಳಗೆ ನೋಡಿದ. "ಅಲ್ಲಿ ಹುಲ್ಲಿಲ್ಲ, ನೀರಿಲ್ಲ. ಕುರಿ ಹೋಗಾಕಿಲ್ಲ. ಕುರಿ ಹೋಗ್ದಿದ್ದ ಕಡೀಕೆ ಹೆಸ್ರು ತಗೊಂಡು ಏನ್ ಮಾಡಾನ ಸಾ?"

ಗುಡ್ಡದ ಆ ಬದಿಯ ಹಳ್ಳಿಗೆ ಇಳಿದಾಗ ಅಲ್ಲಿನವರು ಅದೇ ಗುಡ್ಡವನ್ನು ತಮ್ಮ ಊರಮ್ಮನ ಹೆಸರಿನಲ್ಲಿ ಕರೆಯುತ್ತಿದ್ದರು. ಅವರ ಗುಡಿಯಿಂದ ನೋಡಿದರೆ ತುದಿ ನೇರವಾಗಿ ಎದುರಿಗೆ ಕಾಣುತ್ತಿತ್ತು.

ಎವರೆಸ್ಟಿನ ಕಥೆಯೂ ಹೆಚ್ಚುಕಮ್ಮಿ ಇದೇ. ಬೆಟ್ಟದ ಉತ್ತರಕ್ಕೆ, ಟಿಬೆಟ್ ಬದಿಯಲ್ಲಿ, ಅದು ಬುಡದಿಂದ ತುದಿಯವರೆಗೆ ರೊಂಗ್‌ಬುಕ್ ಮಠದ ಎದುರಿಗೇ ನಿಂತಿದೆ. ಅಲ್ಲಿ ಅದಕ್ಕೆ ಹೆಸರು ಇತ್ತು: ಚೋಮೊಲುಂಗ್ಮಾ. ಜಗನ್ಮಾತೆ ಎಂದು ಸಾಮಾನ್ಯವಾಗಿ ಅರ್ಥ ಹೇಳುತ್ತಾರೆ. ಐವರು ಅಕ್ಕತಂಗಿ ದೇವಿಯರಲ್ಲಿ ಒಬ್ಬಳು ಅಲ್ಲಿ ವಾಸ ಮಾಡುತ್ತಾಳೆ ಎಂಬ ನಂಬಿಕೆಯೂ ಇದೆ. ಈ ಹೆಸರು ವಾ ಸಾಹೇಬರ ಕಾಗದಕ್ಕಿಂತ ನೂರು ವರ್ಷಕ್ಕೂ ಮೊದಲೇ, 18ನೇ ಶತಮಾನದಲ್ಲಿ ಫ್ರಾನ್ಸಿನಲ್ಲಿ ಅಚ್ಚಾದ ನಕ್ಷೆಯಲ್ಲಿತ್ತು. ಆದ್ದರಿಂದ "ಹೆಸರಿಲ್ಲ" ಎಂಬುದು ತಪ್ಪು. ಇಲ್ಲಿ ನೀವು ಗೆದ್ದಿರಿ.

ದಕ್ಷಿಣದ ಬದಿ ಬೇರೆ. ನೇಪಾಳದ ಬಯಲಿನಿಂದ ನೋಡಿದರೆ ಎವರೆಸ್ಟ್ ಹತ್ತಿರದ ಬೆಟ್ಟಗಳ ಬೆನ್ನ ಹಿಂದೆ ತಲೆ ಮಾತ್ರ ತೋರಿಸುತ್ತದೆ. ಎದುರಿಗಿರುವ ಬೆಟ್ಟಗಳೇ ಅದಕ್ಕಿಂತ ಎತ್ತರ ಕಾಣುತ್ತವೆ. ಅಷ್ಟು ದೂರದ ಒಂದು ತುದಿಗೆ ಹೆಸರಿಡುವ ದರ್ದು ಯಾರಿಗಿತ್ತು? ಮೇವಿನ ಜಾಗಕ್ಕೆ, ಕಣಿವೆ ದಾಟುವ ಹಾದಿಗೆ, ಹೊಳೆಗೆ ಹೆಸರಿರುತ್ತದೆ. ತುದಿಗೆ ಹೆಸರು ಬೇಕಾದದ್ದು ದುರ್ಬೀನು ಹಿಡಿದವನಿಗೆ. ಕಠ್ಮಂಡುವಿನಲ್ಲಿದ್ದ ಬ್ರಯಾನ್ ಹಾಡ್ಜ್‌ಸನ್ ಎಂಬ ಇಂಗ್ಲಿಷ್ ವಿದ್ವಾಂಸ "ದೇವಧುಂಗಾ" ಎಂಬ ಹೆಸರಿದೆ ಅಂದ. ಅದು ಈ ಶಿಖರದ್ದೇ ಎಂದು ತೋರಿಸಲಾಗಲಿಲ್ಲ.

ಈಗ ನೇಪಾಳದಲ್ಲಿ ಬಳಕೆಯಲ್ಲಿರುವ ಸಾಗರಮಾಥಾ ಎಂಬ ಹೆಸರನ್ನು ಮುಂದಿಟ್ಟವರು ಬಾಬುರಾಮ್ ಆಚಾರ್ಯ ಎಂಬ ನೇಪಾಳಿ ಇತಿಹಾಸಕಾರರು, ಅದೂ 20ನೇ ಶತಮಾನದಲ್ಲಿ. ಮಾಥಾ ಅಂದರೆ ತಲೆ, ಹಣೆ. ಸಾಗರ ಅಂದರೆ ಅಲ್ಲಿ ಆಕಾಶ. ಪುರಾಣದ ಹೆಸರಿನಂತೆ ಕೇಳಿಸಿದರೂ ನಮ್ಮ ಅಜ್ಜಂದಿರ ಕಾಲದ ಹೆಸರು. ನನಗೆ ಇವೆಲ್ಲಕ್ಕಿಂತ ಇಷ್ಟವಾದದ್ದು 1953ರ ಮೇ 29ರಂದು ಹಿಲರಿಯ ಜೊತೆ ತುದಿ ಮುಟ್ಟಿದ ತೇನ್‌ಸಿಂಗ್ ಹೇಳಿದ ಮಾತು. ಅವರ ತಾಯಿ ಅದನ್ನು "ಯಾವ ಹಕ್ಕಿಯೂ ಮೇಲೆ ಹಾರಲಾರದಷ್ಟು ಎತ್ತರದ ಬೆಟ್ಟ" ಅನ್ನುತ್ತಿದ್ದರಂತೆ. ಇದು ಹೆಸರೋ ವರ್ಣನೆಯೋ ನೀವೇ ವಾದಿಸಿ.

ಸಿಕ್ದಾರರ ವಿಚಾರ. ಕಲ್ಕತ್ತೆಯ ಹಿಂದೂ ಕಾಲೇಜಿನಲ್ಲಿ ಓದಿದ ಗಣಿತಜ್ಞ. ಹತ್ತೊಂಬತ್ತರ ಆಸುಪಾಸಿನಲ್ಲಿ, 1831ರಲ್ಲಿ, ಎವರೆಸ್ಟರೇ ಆರಿಸಿ ಕೆಲಸಕ್ಕೆ ತೆಗೆದುಕೊಂಡ ಹುಡುಗ. ಮುಂದೆ ಕಲ್ಕತ್ತೆ ಕಚೇರಿಯ ಮುಖ್ಯ ಗಣಕ. ಆಗ ಕಂಪ್ಯೂಟರ್ ಅಂದರೆ ಯಂತ್ರವಲ್ಲ, ಲೆಕ್ಕ ಮಾಡುವ ಮನುಷ್ಯ. 1852ರಲ್ಲಿ ಅವರು ವಾ ಅವರ ಕೋಣೆಗೆ ಓಡಿಬಂದು "ಸಾಹೇಬರೇ, ಜಗತ್ತಿನ ಅತಿ ಎತ್ತರದ ಬೆಟ್ಟ ಕಂಡುಹಿಡಿದೆ" ಎಂದು ಕೂಗಿದರು ಎಂದು ನಾನೂ ಇಪ್ಪತ್ತು ವರ್ಷ ಅಭಿನಯಿಸಿ ಪಾಠ ಮಾಡಿದ್ದೇನೆ. ಆಮೇಲೆ ಗೊತ್ತಾಯಿತು, ಆಗ ಸಿಕ್ದಾರ್ ಇದ್ದದ್ದು ಕಲ್ಕತ್ತೆಯಲ್ಲಿ, ವಾ ಇದ್ದದ್ದು ಡೆಹ್ರಾಡೂನಿನಲ್ಲಿ. ಓಡಿಬರುವ ದೂರವಲ್ಲ. ಆದರೆ ಲೆಕ್ಕದಲ್ಲಿ ಅವರ ಪಾಲು ದೊಡ್ಡದು, ಹೆಸರು ಬಹುಕಾಲ ಮರೆಯಾಗಿತ್ತು ಎಂಬುದರಲ್ಲಿ ತಕರಾರಿಲ್ಲ. 2004ರಲ್ಲಿ ನಮ್ಮ ಅಂಚೆ ಇಲಾಖೆ ಅವರ ಚಿತ್ರವಿರುವ ಸ್ಟಾಂಪು ತಂದಿತು. ಶಿಖರಕ್ಕೆ ಅವರ ಹೆಸರಿಡಬೇಕಿತ್ತೇ? ಚೋಮೊಲುಂಗ್ಮಾ ಎಂದು ಕರೆಯುತ್ತಿದ್ದವರಿಗೆ ಎವರೆಸ್ಟ್ ಎಷ್ಟು ದೂರವೋ ಸಿಕ್ದಾರ್ ಕೂಡ ಅಷ್ಟೇ ದೂರ, ವಕೀಲರೇ.

ಪ್ರಶ್ನೆ: ನೇಪಾಳದೊಳಗೆ ಕಾಲಿಡದೆ, ಬಿಹಾರದಲ್ಲಿ ನಿಂತು ಬೆಟ್ಟ ಅಳೆದರು ಅಂತೀರಲ್ಲ, ಹೇಗೆ? ನಮ್ಮೂರಲ್ಲಿ ಎದುರಿಗಿರೋ ಹೊಲ ಅಳೆಯೋದಕ್ಕೇ ಸರ್ವೇಯರ್ ಮೂರು ಸಲ ಬರ್ತಾನೆ.
(ಅಡಿಕೆ ಬೆಳೆಗಾರರು, ಹೊಳಲ್ಕೆರೆ)

ಉತ್ತರ: ಮೂರು ಸಲ ಬಂದರೆ ಒಳ್ಳೆಯದೇ. ಅವರೂ ಒಂದೇ ಸಲಕ್ಕೆ ನಂಬಲಿಲ್ಲ.

ಉಪಾಯ ಸರಳ. ನೀವು ಚಿತ್ರದುರ್ಗದ ಕೋಟೆಯ ಮೇಲೆ ನಿಂತು ದೂರದ ಜೋಗಿಮಟ್ಟಿಯ ತುದಿಗೆ ಗುರಿಯಿಟ್ಟು ಕೋನ ಬರೆದುಕೊಳ್ಳಿ. ಆಮೇಲೆ ಚಂದ್ರವಳ್ಳಿಯ ಪಕ್ಕದ ಬಂಡೆ ಹತ್ತಿ ಅದೇ ತುದಿಗೆ ಇನ್ನೊಂದು ಕೋನ. ಈ ಎರಡು ಜಾಗಗಳ ನಡುವಿನ ದೂರ ನಿಮಗೆ ಗೊತ್ತಿದ್ದರೆ ಸಾಕು, ತ್ರಿಕೋನ ತಾನೇ ಬಾಯಿ ಬಿಡುತ್ತದೆ. ಜೋಗಿಮಟ್ಟಿ ಎಷ್ಟು ದೂರ, ಎಷ್ಟು ಎತ್ತರ ಎಲ್ಲ ಕುಳಿತಲ್ಲೇ ಸಿಗುತ್ತದೆ. ಕಷ್ಟವಿರುವುದು ಆ ಮೊದಲ ದೂರವನ್ನು ಕೂದಲೆಳೆಯೂ ತಪ್ಪದಂತೆ ಅಳೆಯುವುದರಲ್ಲಿ. ಇದೇ ಉಪಾಯದಿಂದ ಭಾರತವನ್ನು ಅಳೆದ ಮಹಾ ತ್ರಿಕೋನಮಿತಿ ಸರ್ವೇ ಶುರುವಾದದ್ದು 1802ರಲ್ಲಿ, ಮದ್ರಾಸಿನ ಸೇಂಟ್ ಥಾಮಸ್ ಮೌಂಟ್ ಬಳಿ. ವಿಲಿಯಂ ಲ್ಯಾಂಬ್ಟನ್ ಎಂಬಾತ ನೂರು ಅಡಿಯ ಉಕ್ಕಿನ ಸರಪಳಿ ಹಿಡಿದು ಏಳೂವರೆ ಮೈಲಿ ಅಳೆದ. ಅಷ್ಟಕ್ಕೆ 57 ದಿನ! ಅಲ್ಲಿಂದ ತ್ರಿಕೋನಕ್ಕೆ ತ್ರಿಕೋನ ಅಂಟಿಸುತ್ತಾ ಅರ್ಧ ಶತಮಾನ ನಡೆದು ಹಿಮಾಲಯದ ಬುಡ ತಲುಪಿದರು.

ಕೋನ ಅಳೆಯುವ ದೊಡ್ಡ ಥಿಯೊಡೊಲೈಟು ಅರ್ಧ ಟನ್ ತೂಕದ್ದು. 1808ರಲ್ಲಿ ತಂಜಾವೂರಿನ ಬೃಹದೀಶ್ವರ ದೇವಾಲಯದ ಗೋಪುರಕ್ಕೆ ಹಗ್ಗ ಕಟ್ಟಿ ಎಳೆಯುವಾಗ ಹಗ್ಗ ಕಿತ್ತು ಗೋಡೆಗೆ ಬಡಿದು ನಜ್ಜುಗುಜ್ಜಾಯಿತು. ಬಯಲುನಾಡಿನಲ್ಲಿ ಎತ್ತರದ ಜಾಗವೆಂದರೆ ಗುಡಿಗೋಪುರವೇ ಅಲ್ಲವೇ. ಲ್ಯಾಂಬ್ಟನ್ ಡೇರೆಯೊಳಗೆ ಕೂತು ವಾರಗಟ್ಟಲೆ ತಟ್ಟಿ, ತಿದ್ದಿ, ಅದೇ ಯಂತ್ರವನ್ನು ಮತ್ತೆ ಸರಿಮಾಡಿಕೊಂಡ. ನಮ್ಮ ದುರ್ಗದ ಗ್ಯಾರೇಜಿನವರ ನೆನಪಾಗುತ್ತದೆ.

ಎವರೆಸ್ಟನ್ನು ಬಯಲಿನ ಆರು ಜಾಗಗಳಿಂದ ನೋಡಿದರು. ಒಂದೊಂದೂ 170 ಕಿ.ಮೀ.ಗಿಂತ ದೂರ. ಜೊತೆಗೆ ಹಿಮಾಲಯದ ಬುಡದ ಜೌಗು ಸೀಮೆಯಾದ ತರಾಯಿಯ ಮಲೇರಿಯಾ. ಅಷ್ಟು ದೂರದಿಂದ ಬರುವ ಬೆಳಕು ನೇರವಾಗಿ ಬರುವುದಿಲ್ಲ, ಗಾಳಿಯಲ್ಲಿ ಬಾಗುತ್ತದೆ. ಏಪ್ರಿಲ್ ಮಧ್ಯಾಹ್ನ ಹಿರಿಯೂರು ರಸ್ತೆಯಲ್ಲಿ ಟಾರಿನ ಮೇಲೆ ನೀರು ನಿಂತಂತೆ ಬಿಸಿಲ್ಗುದುರೆ ಕಾಣುತ್ತದಲ್ಲ, ಅದರ ಸೋದರ ಸಂಬಂಧಿ ಇದು. ಎಷ್ಟು ಬಾಗಿತು ಎಂಬುದನ್ನು ಕಳೆಯಬೇಕು. ಭೂಮಿಯ ಗುಂಡುತನ ಸೇರಿಸಬೇಕು. ಹಿಮಾಲಯದ ರಾಶಿ ತೂಗುಗುಂಡನ್ನೇ ತನ್ನ ಕಡೆ ಒಂಚೂರು ಎಳೆಯುತ್ತದೆ, ಅದನ್ನೂ ನೋಡಿಕೊಳ್ಳಬೇಕು. ಆರು ಉತ್ತರಗಳ ಸರಾಸರಿ 29,002 ಅಡಿ. ನಿಜವಾಗಿ ಬಂದದ್ದು ಸರಿಯಾಗಿ 29,000 ಅಡಿ, ಅಂದಾಜಿನ ಅಂಕಿ ಅಂದುಕೊಂಡಾರು ಎಂದು ಎರಡು ಅಡಿ ಸೇರಿಸಿದರು ಎಂಬ ಕಥೆಯೂ ಓಡಾಡುತ್ತದೆ. ತುದಿಗೆ ಮೊದಲು ಕಾಲಿಟ್ಟವರು ಹಿಲರಿ, ತೇನ್‌ಸಿಂಗರಲ್ಲ, ವಾ ಸಾಹೇಬರು ಇಟ್ಟ ಆ ಎರಡು ಅಡಿಗಳೇ ಎಂದು ಸರ್ವೇ ಇಲಾಖೆಯವರು ನಗಾಡುತ್ತಾರೆ.

ಇವತ್ತಿನ ಒಪ್ಪಿತ ಎತ್ತರ 8,848.86 ಮೀಟರ್. 2020ರ ಡಿಸೆಂಬರಿನಲ್ಲಿ ನೇಪಾಳ ಮತ್ತು ಚೀನಾ ಒಟ್ಟಿಗೆ ಪ್ರಕಟಿಸಿದ್ದು. ಅಂದರೆ ಸರಪಳಿ, ಪೆನ್ನು, ಕಾಗದದ ಕಾಲದ ಲೆಕ್ಕ ತಪ್ಪಿದ್ದು ಬರೀ 9 ಮೀಟರ್.

ಪ್ರಶ್ನೆ: ಜೋಗಿಮಟ್ಟಿ 3,800 ಅಡಿ ಅಂತಾರೆ. ಕೆಳಗಿನಿಂದ ನೋಡಿದ್ರೆ ಅಷ್ಟು ಇಲ್ವೇ ಇಲ್ಲ. ಮತ್ತೆ "ಮಟ್ಟಿ" ಅಂದ್ರೆ ಏನು? ಗುಡ್ಡ, ಬೆಟ್ಟ, ಮರಡಿ, ಮಲೆ ಎಲ್ಲ ಒಂದೇನಾ?
(ಶಿಕ್ಷಕಿ, ಹೊಸದುರ್ಗ)

ಉತ್ತರ: ಮೇಡಂ, ಎತ್ತರದ ಲೆಕ್ಕ ಸಮುದ್ರದಿಂದ. ದುರ್ಗದ ಪೇಟೆಯೇ ಸಮುದ್ರಮಟ್ಟದಿಂದ 2,400 ಅಡಿ ಮೇಲಿದೆ. ನೀವು ಬಸ್‌ಸ್ಟಾಂಡಿನಲ್ಲಿ ಇಳಿಯುವಾಗಲೇ ಮೂರರಲ್ಲಿ ಎರಡು ಪಾಲಿಗೆ ಹತ್ತಿರ ಹತ್ತಿಯಾಗಿರುತ್ತದೆ. ಕಣ್ಣಿಗೆ ಕಾಣುವುದು ಉಳಿದ 1,400 ಅಡಿ. ಎವರೆಸ್ಟಿಗೆ ದಕ್ಷಿಣದಿಂದ ಹತ್ತುವವರೂ ಹಾಗೆಯೇ, ಅವರ ಬೇಸ್ ಕ್ಯಾಂಪೇ 5,300 ಮೀಟರಿಗಿಂತ ಮೇಲೆ.

ಹೆಸರುಗಳ ವಿಚಾರ ಕೇಳಿದ್ದು ಒಳ್ಳೆಯದಾಯಿತು. ಜೋಗಿ ಅಂದರೆ ಅಲ್ಲಿ ತಪಸ್ಸಿಗೆ ಕೂತಿದ್ದ ಯೋಗಿ ಎಂದು ಜನ ಹೇಳುತ್ತಾರೆ. ಮಟ್ಟಿ, ಮರಡಿ ಎರಡೂ ನಮ್ಮ ಕಡೆ ದಿಬ್ಬ, ಚಿಕ್ಕ ಗುಡ್ಡ. ಅದಕ್ಕೇ ಕೆಲವರು ಇದನ್ನೇ ಜೋಗಿಮರಡಿ ಅನ್ನುವುದು. ಹುಡುಗಿಯೊಬ್ಬಳು ಪರೀಕ್ಷೆಯಲ್ಲಿ ಹಾಗೆ ಬರೆದಾಗ ಕೆಂಪು ಶಾಯಿಯಲ್ಲಿ ಹೊಡೆದುಹಾಕಿದ ಮೇಷ್ಟ್ರು ಒಬ್ಬರಿದ್ದರು. ಯಾರೆಂದು ಕೇಳಬೇಡಿ. ಮಾರನೇ ದಿನ ಅವಳ ಅಜ್ಜಿ ಶಾಲೆಯ ಬಾಗಿಲಿಗೆ ಬಂದು, "ನಮ್ ಗುಡ್ಡದ್ ಹೆಸ್ರು ನಮಗೆ ಹೇಳ್ಕೊಡ್ತೀಯೇನಪ್ಪಾ?" ಅಂದರು. ಅರ್ಧ ಅಂಕ ವಾಪಸ್ ಕೊಟ್ಟೆ.

ನಮ್ಮ ಕಡೆ ಗುಡ್ಡ ಅಂದರೆ ಹತ್ತಿ ಇಳಿಯಬಹುದಾದ್ದು, ಬೆಟ್ಟ ಅಂದರೆ ಅದಕ್ಕಿಂತ ದೊಡ್ಡದು. ಅಳತೆಪಟ್ಟಿ ಇಟ್ಟು ಗೆರೆ ಎಳೆದವರಿಲ್ಲ. ಮಲೆ ಅಂದರೆ ಕಾಡು ತುಂಬಿದ ಬೆಟ್ಟಸೀಮೆ. ಅದು ಪಶ್ಚಿಮದವರ ಮಾತು ಅಂದುಕೊಳ್ಳಬೇಡಿ. ಕುರುಚಲು ಬಿಟ್ಟರೆ ಏನೂ ಬೆಳೆಯದ ಮೊಳಕಾಲ್ಮೂರಿನಲ್ಲಿ ನುಂಕೆಮಲೆ ಇದೆ, ಸಿದ್ದೇಶ್ವರನ ಗುಡಿಯ ಜೊತೆಗೆ. ದುರ್ಗ ಅಂದರೆ ಹತ್ತಲಾಗದ್ದು, ಶತ್ರುವಿಗೆ. ಇಂಗ್ಲಿಷರಿಗೆ ನಾಲಿಗೆ ಹೊರಳದೆ ನಮ್ಮೂರನ್ನು ಚಿತಲ್‌ಡ್ರೂಗ್ ಎಂದು ಬರೆದಿಟ್ಟರು. ಎವರೆಸ್ಟ್ ಅನ್ನಲು ಬಾರದವರು ನಾವು ಮಾತ್ರವಲ್ಲ.

ಪತ್ರಿಕೆಯವರು ಜೋಗಿಮಟ್ಟಿಯನ್ನು ಬಯಲುಸೀಮೆಯ ಊಟಿ ಅನ್ನುತ್ತಾರೆ. ನನಗೆ ಅಷ್ಟು ಹಿಡಿಸದ ಮಾತು. ಊಟಿಯ ನೆತ್ತಿಯ ಮೇಲಿರುವ, ನೀಲಗಿರಿಯಲ್ಲೇ ಎತ್ತರದ ಶಿಖರದ ಹೆಸರೇನು? ದೊಡ್ಡಬೆಟ್ಟ. 2,637 ಮೀಟರ್. ತಮಿಳುನಾಡಿನ ಅತಿ ಎತ್ತರದ ಜಾಗಕ್ಕೆ ನಮ್ಮ ಅಜ್ಜಿಯೂ ಅರ್ಥಮಾಡಿಕೊಳ್ಳುವ ಹೆಸರು, ಯಾಕೆಂದರೆ ಅಲ್ಲಿನ ಬಡಗರ ನುಡಿ ಕನ್ನಡಕ್ಕೆ ಅಷ್ಟು ಹತ್ತಿರ. ಅಳತೆಗಾರರು ಬರುವ ಮೊದಲೇ ಯಾರೋ ಕಣ್ಣಳತೆಯಲ್ಲೇ ಸರಿಯಾಗಿ ಹೇಳಿದ್ದಾರೆ, ನೋಡಿ. ಕರ್ನಾಟಕದೊಳಗೆ ಅತಿ ಎತ್ತರದ್ದು ಚಿಕ್ಕಮಗಳೂರಿನ ಮುಳ್ಳಯ್ಯನಗಿರಿ, ಸುಮಾರು 1,930 ಮೀಟರ್, ತುದಿಯ ಗುಡಿಯ ಸ್ವಾಮಿಯ ಹೆಸರಿನದ್ದು. ಕುದುರೆಮುಖ ಒಂದು ಮಗ್ಗುಲಿನಿಂದ ನೋಡಿದವರಿಟ್ಟ ಹೆಸರು. ಇನ್ನೊಂದು ಮಗ್ಗುಲಿನವರಿಗೆ ಕುದುರೆಯೂ ಇಲ್ಲ, ಮುಖವೂ ಇಲ್ಲ.

ಜೋಗಿಮಟ್ಟಿಗೆ ಹೋದಾಗ ಹಿಮವತ್ ಕೇದಾರವನ್ನೂ ನೋಡಿ ಬನ್ನಿ. ಮಂಜು ಕಂಡರಿಯದ ಸೀಮೆಯವರು ಮಳೆಗಾಲದಲ್ಲಿ ನೀರು ಸುರಿಯುವ ಒಂದು ಬಂಡೆಯ ಪಡಸಾಲೆಗೆ ಹಿಮಾಲಯದ ಹೆಸರಿಟ್ಟಿದ್ದಾರೆ. ಇತ್ತೀಚೆಗೆ ಗುಡ್ಡಗಳ ಮೇಲೆಲ್ಲ ಗಾಳಿಯಂತ್ರ ನಿಂತ ಮೇಲೆ ನಮ್ಮ ಮೊಮ್ಮಗ ದಾರಿಯುದ್ದಕ್ಕೂ "ಫ್ಯಾನ್ ಗುಡ್ಡ, ಫ್ಯಾನ್ ಗುಡ್ಡ" ಅನ್ನುತ್ತಾನೆ. ಅವನನ್ನು ತಿದ್ದಿಲ್ಲ. ಕೆಂಪು ಶಾಯಿ ಬಿಟ್ಟು ಬಹಳ ವರ್ಷವಾಯಿತು.

ಪ್ರಶ್ನೆ: ಭಾರತದ ಅತಿ ಎತ್ತರದ ಶಿಖರ ಕೆ2 ಎಂದು ನಮ್ಮ ಮಗನ ಗೈಡಿನಲ್ಲಿದೆ, ನೀವು ಕಾಂಚನಜುಂಗಾ ಅಂತೀರಿ. ಯಾವುದು ಬರೆಯಬೇಕು? ಅದೇನು ಹೆಸರು, ಕೆ2?
(ಒಬ್ಬ ತಂದೆ, ಹರಿಹರ)

ಉತ್ತರ: ಕೆ2 (8,611 ಮೀಟರ್) ಇರುವುದು ಪಾಕಿಸ್ತಾನದ ಹಿಡಿತದಲ್ಲಿರುವ ಕಾಶ್ಮೀರದ ಭಾಗದಲ್ಲಿ, ಚೀನಾ ಗಡಿಗೆ ಅಂಟಿಕೊಂಡು. ನಮ್ಮ ಅಧಿಕೃತ ನಕ್ಷೆ ಆ ಪ್ರದೇಶವನ್ನು ಭಾರತದ್ದೆಂದೇ ತೋರಿಸುವುದರಿಂದ ಗೈಡಿನವರು ಹಾಗೆ ಬರೆಯುತ್ತಾರೆ. ನಾವು ಹೋಗಿ ನಿಲ್ಲಬಹುದಾದ ನೆಲದಲ್ಲಿ ಎತ್ತರದ್ದು ಸಿಕ್ಕಿಂ ಗಡಿಯ ಕಾಂಚನಜುಂಗಾ, 8,586 ಮೀಟರ್. ಮಗ ಯಾವ ಪರೀಕ್ಷೆ ಬರೆಯುತ್ತಿದ್ದಾನೋ ಆ ಪಠ್ಯಪುಸ್ತಕ ನೋಡಿ ಬರೆಯಲಿ. ಗೈಡು ನೋಡಿ ಅಲ್ಲ.

ಕೆ ಅಂದರೆ ಕಾರಕೋರಂ. 1856ರಲ್ಲಿ ಥಾಮಸ್ ಮಾಂಟ್‌ಗೊಮರಿ ಎಂಬ ಸರ್ವೇಯರ್ ಕಾಶ್ಮೀರದ ಹರಮುಖ ಬೆಟ್ಟದ ಮೇಲಿಂದ ನೋಡಿ ತನ್ನ ಪುಸ್ತಕದಲ್ಲಿ ಕೆ1, ಕೆ2 ಎಂದು ಗುರುತು ಹಾಕಿದ. ಕೆ1ಕ್ಕೆ ಮಾಷರ್‌ಬ್ರಮ್ ಎಂಬ ಊರ ಹೆಸರು ಸಿಕ್ಕಿತು. ಕೆ2 ಹಳ್ಳಿಗಳಿಂದ ಕಾಣದಷ್ಟು ಒಳಗಿದ್ದ ಕಾರಣ ಗುರುತೇ ಹೆಸರಾಗಿ ಉಳಿಯಿತು. ನಮ್ಮ ಕುರಿಗಾಹಿ ಅಜ್ಜ ಕೇಳಿದ್ದರೆ ತಲೆಯಾಡಿಸುತ್ತಿದ್ದ.

ಪ್ರಶ್ನೆ: ಒಂದು ಸಲ ಇಟ್ಟ ಹೆಸರು ಬದಲಾಗುತ್ತಾ?
(ಏಳನೇ ತರಗತಿ, ಚಳ್ಳಕೆರೆ)

ಉತ್ತರ: ಆಗುತ್ತೆ ಪುಟ್ಟಾ, ಕೆಲವು ಸಲ ಹಿಂದಕ್ಕೂ ಮುಂದಕ್ಕೂ. ಉತ್ತರ ಅಮೆರಿಕದ ಅತಿ ಎತ್ತರದ ಬೆಟ್ಟವನ್ನು ಅಲಾಸ್ಕಾದ ಮೂಲನಿವಾಸಿಗಳು ಡೆನಾಲಿ, ಅಂದರೆ ಎತ್ತರದ್ದು, ಅನ್ನುತ್ತಿದ್ದರು. ಒಬ್ಬ ಚಿನ್ನ ಹುಡುಕುವವ ತನಗೆ ಇಷ್ಟವಾದ ರಾಜಕಾರಣಿ ಮೆಕಿನ್ಲಿಯ ಹೆಸರಿಟ್ಟ. 2015ರಲ್ಲಿ ಸರ್ಕಾರ ಡೆನಾಲಿ ಎಂದಿತು, 2025ರಲ್ಲಿ ಮತ್ತೆ ಮೆಕಿನ್ಲಿ ಎಂದಿತು. ಬೆಟ್ಟಕ್ಕೆ ಕಿವಿ ಇಲ್ಲದ್ದು ಪುಣ್ಯ.

ಕೆಲವು ಹೆಸರು ಪೂರ್ತಿ ಕಳೆದೇ ಹೋಗುತ್ತವೆ. ನಿನ್ನ ಪಕ್ಕದ ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿಯಲ್ಲಿ ಅಶೋಕನ ಶಾಸನವಿದೆ, 2,200 ವರ್ಷಕ್ಕೂ ಹಳೆಯದು. ಸುವರ್ಣಗಿರಿಯಲ್ಲಿದ್ದ ರಾಜಕುಮಾರ ಇಸಿಲದ ಅಧಿಕಾರಿಗಳಿಗೆ ಕ್ಷೇಮ ಕೇಳಿ ಹೇಳಿಕಳಿಸಿದ್ದು. ಆ ಬಂಡೆಯ ಪಕ್ಕದಲ್ಲಿ ಇವತ್ತು ನಿಂತು ಇಸಿಲ ಎಲ್ಲಿದೆ ಅಂತ ಕೇಳಿದರೆ ದಾರಿ ತೋರಿಸುವವರಿಲ್ಲ. ಬೇಸಿಗೆ ರಜೆಯಲ್ಲಿ ಅಪ್ಪನ ಜೊತೆ ಹೋಗಿ ಬಾ, ಟೋಪಿ ಮರೀಬೇಡ.

ಪ್ರಶ್ನೆ: ಎವರೆಸ್ಟ್ ಇನ್ನೂ ಬೆಳೀತಿದೆ ಅಂತಾರೆ. ನಮ್ಮ ದುರ್ಗದ ಬಂಡೆಗಳು ಯಾಕೆ ಬೆಳೆಯಲ್ಲ?
(ಅದೇ ಚಳ್ಳಕೆರೆಯ ಹುಡುಗನ ತಂಗಿ, ಅದೇ ಕಾಗದದ ಹಿಂಬದಿಯಲ್ಲಿ)

ಉತ್ತರ: ಅವುಗಳಿಗೆ ವಯಸ್ಸಾಯಿತು ಕಣಮ್ಮಾ. ಭಾರತದ ನೆಲ ಏಷ್ಯಾದ ನೆಲಕ್ಕೆ ಗುದ್ದಲು ಶುರುಮಾಡಿ ಸುಮಾರು 5 ಕೋಟಿ ವರ್ಷ, ಇನ್ನೂ ಗುದ್ದುತ್ತಲೇ ಇದೆ. ಹಾಗಾಗಿ ಹಿಮಾಲಯ ಮೇಲೇಳುತ್ತಿದೆ. ಎವರೆಸ್ಟಿನ ತುದಿಯಲ್ಲಿರುವುದು ಸುಣ್ಣದಕಲ್ಲು, ಅದರೊಳಗೆ ಸಮುದ್ರದ ಜೀವಿಗಳ ಪಳೆಯುಳಿಕೆ. ಒಂದು ಕಾಲದ ಕಡಲತಳ ಈಗ ಆಕಾಶದಲ್ಲಿದೆ.

ಆದರೆ ನೀನು ಕೈ ಕಟ್ಟಿ ಕೂರಬೇಕಿಲ್ಲ. ಚಿತ್ರದುರ್ಗದ ಹತ್ತಿರ ಮರಡಿಹಳ್ಳಿ ಅಂತ ಊರಿದೆ. ಹೆಸರಲ್ಲೇ ಮರಡಿ ಇದೆ, ನೋಡು. ಅಲ್ಲಿನ ಕಲ್ಲುಗಳು ದಿಂಬು ಪೇರಿಸಿಟ್ಟಂತೆ ಕಾಣುತ್ತವೆ. ಲಾವಾ ನೀರಿನೊಳಗೆ ಉಕ್ಕಿ ತಕ್ಷಣ ತಣಿದರೆ ಮಾತ್ರ ಆ ಆಕಾರ ಬರುವುದು. ಅಂದರೆ ನಮ್ಮ ಬಯಲುಸೀಮೆಯಲ್ಲೂ ಆಗ ಕಡಲಿತ್ತು. 250 ಕೋಟಿ ವರ್ಷದ ಹಿಂದಿನ ಮಾತು. ಅದನ್ನು ರಾಷ್ಟ್ರೀಯ ಭೂವೈಜ್ಞಾನಿಕ ಸ್ಮಾರಕ ಎಂದು ಘೋಷಿಸಿದ್ದಾರೆ. ಎವರೆಸ್ಟ್ ನಮ್ಮ ಕಲ್ಲುಗಳ ಮುಂದೆ ತೊಟ್ಟಿಲ ಕೂಸು.

ತಿದ್ದುಪಡಿ: ಕಳೆದ ಸಂಚಿಕೆಯಲ್ಲಿ ಧವಳಗಿರಿಯ ಎತ್ತರ 8,176 ಮೀಟರ್ ಎಂದು ಬರೆದಿದ್ದೆ. ಸರಿಯಾದದ್ದು 8,167. ಅಚ್ಚಿನ ತಪ್ಪೆಂದು ಬರೆಯಲು ಸಂಪಾದಕರು ಒಪ್ಪಲಿಲ್ಲ, ನನ್ನ ಕೈಬರಹದ ಹಾಳೆಯನ್ನೇ ತೆಗೆದು ತೋರಿಸಿದರು. 9 ಮೀಟರ್ ವ್ಯತ್ಯಾಸ, ವಾ ಸಾಹೇಬರದ್ದೂ ಹೆಚ್ಚುಕಮ್ಮಿ ಅಷ್ಟೇ. ಅವರು 170 ಕಿ.ಮೀ. ದೂರದಿಂದ ನೋಡಿ ತಪ್ಪಿದರು, ನಾನು ಪುಸ್ತಕವನ್ನು ತೊಡೆಯ ಮೇಲೆ ಬಿಚ್ಚಿಟ್ಟುಕೊಂಡು.